ಹೆಜ್ಜೆ ಕೇಳಲು ಬಂದವರು

ನಮ್ಮೂರಲ್ಲಿ ಮದುವೆಗೆ ಮುಂಚೆ ಹುಡುಗಿಯನ್ನು ನೋಡಲು ಯಾರೂ ಬರುವುದಿಲ್ಲ. ಪರರ ಮನೆಯ ಹೆಣ್ಣನ್ನು ದಿಟ್ಟಿಸಿ ನೋಡುವುದು ಮರ್ಯಾದಸ್ಥರ ಲಕ್ಷಣವಲ್ಲ. ಗಂಡಿನ ಕಡೆಯ ಹಿರಿಯರು ಬಂದು ಪರದೆಯ ಹಿಂದೆ ಕೂರುತ್ತಾರೆ. ಹುಡುಗಿ ಪರದೆಯ ಆಚೆ, ಊರಿನ ಹುಡುಗ ಹುಡುಗಿಯರ ಸಾಲಿನಲ್ಲಿ ನಿಂತು ಝಾಪಿನ್ ಕುಣಿಯುತ್ತಾಳೆ. ಇವರು ಕಣ್ಣು ಮುಚ್ಚಿ ಅವಳ ಹೆಜ್ಜೆ ಕೇಳುತ್ತಾರೆ. ಪ್ರತಿಯೊಬ್ಬ ಹುಡುಗನ ಎದುರಿಗೂ ಅವಳ ಹಿಮ್ಮಡಿ ಹಲಗೆಯ ಮೇಲೆ ಸರಿಯಾಗಿ ಸದ್ದು ಮಾಡಿದರೆ ಮಾತು ಮುಗಿಯಿತು, ಹಲ್ವ ಹಂಚುತ್ತಾರೆ. ಸದ್ದು ಮಾಡದಿದ್ದರೆ ಒಂದು ಲೋಟ ನೀರು ಕುಡಿದು, ಸಲಾಂ ಹೇಳಿ, ಎದ್ದು ಹೋಗುತ್ತಾರೆ. ಆಮೇಲೆ ಆ ಮನೆಯ ಮೆಟ್ಟಿಲು ಹತ್ತುವವರು ಕಡಿಮೆ.

ಯಾಕೆಂದರೆ ನಮ್ಮಲ್ಲಿ ಯಾರ ಮೇಲಾದರೂ ಮನಸ್ಸಾದರೆ, ಆ ಮನುಷ್ಯ ಎದುರಿಗೆ ಬಂದಾಗ ಕಾಲು ಹಗುರಾಗಿಬಿಡುತ್ತದೆ. ಹೆಚ್ಚೇನಿಲ್ಲ, ನೆಲದಿಂದ ಒಂದು ಬೆರಳಿನಷ್ಟು. ಅಷ್ಟಕ್ಕೇ ಹೆಜ್ಜೆಯ ಸದ್ದು ನಿಂತುಹೋಗುತ್ತದೆ. ಊರೆಲ್ಲ ಹಿನ್ನೀರಿನ ಕೆಸರಿನ ಮೇಲೆ ಕಂಬ ನೆಟ್ಟು ಕಟ್ಟಿದ್ದು. ಮನೆಗಳದ್ದು ಹಲಗೆಯ ನೆಲ, ಓಣಿಗಳೂ ಹಲಗೆಯವೇ. ಒಳಗೆ ಕೂತ ಮುದುಕಿಯರು ಕೂಡ ಹೊರಗೆ ಯಾರು ಹೋದರೆಂದು ಸದ್ದಿನಿಂದಲೇ ಹೇಳುತ್ತಾರೆ. ಹೆಂಗಸರು ಸಾರೋಂಗನ್ನು ನೆಲ ಗುಡಿಸುವಷ್ಟು ಇಳಿಬಿಟ್ಟು ಉಡುತ್ತಾರೆ, ಗಂಡಸರು ಮರದ ಹಾವುಗೆ ಮೆಟ್ಟುತ್ತಾರೆ, ಕಾಲು ಹಗುರಾದರೂ ಅದು ಹಲಗೆಗೆ ಬಡಿಯುತ್ತದೆ. ಮೀನುಪೇಟೆಯಲ್ಲಿ ಇದ್ದಕ್ಕಿದ್ದಂತೆ ಒಬ್ಬ ಹುಡುಗಿಯ ಹೆಜ್ಜೆ ನಿಂತುಹೋದರೆ ಸುತ್ತಲಿನವರೆಲ್ಲ ತಲೆಯೆತ್ತಿ ಆಕಾಶ ನೋಡುತ್ತ, ಗಾಳಿ ದಿಕ್ಕು ಬದಲಾಯಿತಲ್ಲ ಎಂದು ಮಾತಾಡಿಕೊಳ್ಳುತ್ತಾರೆ. ನಮ್ಮವರು ಕೆಟ್ಟವರಲ್ಲ. ಕಣ್ಣು ತಗ್ಗಿಸುವುದನ್ನು ಚಿಕ್ಕಂದಿನಿಂದ ಕಲಿತಿದ್ದೇವೆ, ಆದರೆ ಕಿವಿಯನ್ನು ಏನು ಮಾಡುವುದು ಎಂದು ಯಾರೂ ಕಲಿಸಲಿಲ್ಲ.

ನಾನು ಇದ್ರಿಸ್. ಬಲಾಯಿಯಲ್ಲಿ, ಅಂದರೆ ಮಸೀದಿಯ ಪಕ್ಕದ ಸಭಾಮಂಟಪದಲ್ಲಿ, ಝಾಪಿನ್‌ಗೆ ಮರ್ವಾಸ್ ಬಾರಿಸುವವನು. ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ಚರ್ಮವಾದ್ಯ ಅದು. ನನ್ನ ಅಪ್ಪ ಬಾರಿಸುತ್ತಿದ್ದ, ನಾನೂ ಬಾರಿಸುತ್ತೇನೆ. ಝಾಪಿನ್ ನೋಡದವರಿಗೆ ಹೇಳುವುದಾದರೆ, ಅದರಲ್ಲಿ ಕೈಗೆ ಹೆಚ್ಚು ಕೆಲಸವಿಲ್ಲ. ಗಂಡಸರದೊಂದು ಸಾಲು, ಹೆಂಗಸರದೊಂದು ಸಾಲು, ನಡುವೆ ಒಂದು ಚಾಪೆ ಹಾಸುವಷ್ಟು ಜಾಗ. ಆ ಜಾಗವನ್ನು ಯಾರೂ ದಾಟುವಂತಿಲ್ಲ. ಮೊಣಕೈ ಪಕ್ಕೆಗೆ ತಾಗಿರಬೇಕು, ದೃಷ್ಟಿ ಎದುರಿನವರ ಕಾಲ ಬಳಿಯ ಹಲಗೆಯ ಮೇಲಿರಬೇಕು. ಮುಂದೆ ಬಂದು, ಹಿಂದೆ ಸರಿದು, ತಿರುಗಿ, ಬರಿಗಾಲ ಹಿಮ್ಮಡಿ ಕುಟ್ಟಬೇಕು. ಸಾಲು ಸರಿಯುತ್ತ ಹೋದಂತೆ ಪ್ರತಿ ಹುಡುಗಿ ಪ್ರತಿ ಹುಡುಗನ ಎದುರಿಗೆ ಬಂದು ಹೋಗುತ್ತಾಳೆ. ಇಡೀ ಊರಿನಲ್ಲಿ ಹುಡುಗನೂ ಹುಡುಗಿಯೂ ಎದುರುಬದುರು ನಿಲ್ಲುವ ಜಾಗ ಅದೊಂದೇ. ಕಾಲು ಹಗುರಾಗುವುದು ಬೇರೆಲ್ಲಿ ಸಾಧ್ಯ?

ಹಾಗೆ ಹಗುರಾದಾಗ ತಾಳದಲ್ಲಿ ಒಂದು ಹೆಜ್ಜೆಯ ಜಾಗ ಖಾಲಿ ಬೀಳುತ್ತದೆ. ನಾನು ಅದನ್ನು ತುಂಬುತ್ತೇನೆ. ಮರ್ವಾಸ್‌ನ ಅಂಚಿಗೆ ಬೆರಳಿನ ಗಿಣ್ಣಿನಿಂದ ತಟ್ಟಿದರೆ ಹಿಮ್ಮಡಿ ಹಲಗೆಗೆ ಬಿದ್ದಂತೆಯೇ ಕೇಳುತ್ತದೆ. ಅಪ್ಪ ಬಾಯಿಬಿಟ್ಟು ಕಲಿಸಿದ ವಿದ್ಯೆಯಲ್ಲ, ಅವನ ಬೆರಳು ನೋಡಿ ಕಲಿತದ್ದು. ಊರಿನ ಎಷ್ಟು ಹೆಣ್ಣುಮಕ್ಕಳ ಹೆಜ್ಜೆಯನ್ನು ನಾನು ಬಾರಿಸಿದ್ದೇನೋ ಲೆಕ್ಕ ಇಟ್ಟಿಲ್ಲ. ಒಮ್ಮೊಮ್ಮೆ ಯಾವುದೋ ಮನೆಯಿಂದ ಬಾಳೆಲೆಯಲ್ಲಿ ಸುಟ್ಟ ಅಂಟಕ್ಕಿ ಕಡುಬು ಬರುತ್ತದೆ. ಯಾಕೆಂದು ತಂದವರೂ ಹೇಳುವುದಿಲ್ಲ, ನಾನೂ ಕೇಳುವುದಿಲ್ಲ. ತಿನ್ನುತ್ತೇನೆ. ಬೇರೆಯವರ ಪ್ರೀತಿಯನ್ನು ಮುಚ್ಚಿಡುವುದರಲ್ಲಿ ನನ್ನ ಗಿಣ್ಣುಗಳು ದಪ್ಪಗಾಗಿವೆ. ಮಳೆಗಾಲದಲ್ಲಿ ನೋಯುತ್ತವೆ.

ನನ್ನ ಸ್ವಂತ ಮನೆಯಲ್ಲಿ ತುಂಬಬೇಕಾದ ಖಾಲಿ ಜಾಗವೇ ಇರಲಿಲ್ಲ. ನನ್ನ ಹೆಂಡತಿ ಕಲ್ಸೂಮ್‌ಳ ಹೆಜ್ಜೆ ಊರಿಗೇ ಹೆಸರಾದದ್ದು. ಮದುವೆಗೆ ಮುಂಚೆ ನನ್ನ ಅಪ್ಪ ಅವಳ ಹೆಜ್ಜೆ ಕೇಳಿ ಬಂದು, ಇಂಥ ಗಟ್ಟಿ ಹೆಜ್ಜೆಯ ಹುಡುಗಿ ಸಿಗುವುದು ನಮ್ಮ ಪುಣ್ಯ ಎಂದಿದ್ದ. ನನಗೂ ಖುಷಿಯಾಗಿತ್ತು. ನಿಕಾಹ್ ಆದ ಮೇಲೆ ಹೆಜ್ಜೆ ಹೇಗಿದ್ದರೂ ಯಾರೂ ಕೇಳುವುದಿಲ್ಲ. ಮದುವೆಯಾದ ಹೊಸತರಲ್ಲಿ ಎಷ್ಟೋ ಮನೆಗಳು ಒಳಗೆ ಯಾರೂ ಇಲ್ಲವೇನೋ ಎಂಬಷ್ಟು ನಿಶ್ಶಬ್ದವಾಗಿರುತ್ತವೆ. ಹೊರಗೆ ಹೋಗುವವರು ಮುಸಿಮುಸಿ ನಗುತ್ತಾರೆ. ನನ್ನ ಮನೆಯಲ್ಲಿ ಮೊದಲ ದಿನ ಬೆಳಿಗ್ಗೆಯೇ ಕಲ್ಸೂಮ್ ಅಡುಗೆಮನೆಯಿಂದ ಕಾಫಿ ತಂದಾಗ ಹಲಗೆ ದಪ್ ದಪ್ ಎಂದಿತು. ಮತ್ತೆ ಅವಳ ಹೆಜ್ಜೆಗೆ ಒಂದು ಗುಣವಿತ್ತು. ಕಾಲು ಊರಿದ ಮೇಲೆ ಚೂರು ತಡವಾಗಿ ಸದ್ದು ಬರುತ್ತಿತ್ತು. ಬೇರೆಯವರಿಗೆ ತಿಳಿಯುವಂಥದ್ದಲ್ಲ, ತಾಳದವನ ಕಿವಿಗೆ ಮಾತ್ರ ಗೊತ್ತಾಗುವಷ್ಟು. ಬರಲೋ ಬೇಡವೋ ಎಂದು ಯೋಚಿಸಿ ಬಂದವಳ ಹೆಜ್ಜೆ ಅದು ಎಂದುಕೊಂಡೆ.

ಆಗ ನನ್ನ ಕಾಲು ನೆಲದ ಮೇಲೆ ಇರಲಿಲ್ಲ. ನಾಚಿಕೆಯಾಯಿತು. ಅವಳು ನೆಲದ ಮೇಲೆ ಇದ್ದಾಳೆ, ನಾನೊಬ್ಬನೇ ಗಾಳಿಯಲ್ಲಿ ಕುಣಿಯುವುದೇನು ಎಂದು ಮೂಲೆಯಲ್ಲಿದ್ದ ಹಾವುಗೆ ಎಳೆದು ಮೆಟ್ಟಿಕೊಂಡೆ. ಅಂದಿನಿಂದ ಮನೆಯೊಳಗೂ ನಾನು ಹಾವುಗೆ ಬಿಟ್ಟವನಲ್ಲ. ಅವಳು ದಪ್ ದಪ್, ನಾನು ಟಕ್ ಟಕ್. ಜಗಳವಿಲ್ಲ, ಹಸಿವಿಲ್ಲ, ಒಬ್ಬಳು ಮಗಳು. ಕಲ್ಸೂಮ್ ನನ್ನ ಜ್ವರಕ್ಕೆ ಕಷಾಯ ಮಾಡಿದಳು, ನನ್ನ ತಾಯಿಯ ಕೊನೆಯ ದಿನಗಳಲ್ಲಿ ಅವರ ಮೈ ಒರೆಸಿದಳು. ಇನ್ನೇನು ಬೇಕು ಎಂದು ಯಾರಾದರೂ ಕೇಳಿಯಾರು. ಆದರೆ ದಿನಾ ಸಂಜೆ ಜಗುಲಿಯಲ್ಲಿ ಕೂತು, ಆ ದಪ್ ದಪ್ ಸದ್ದು ಕಾಫಿ ಹಿಡಿದು ನನ್ನ ಕಡೆ ಬರುವುದನ್ನು ಕೇಳುವಾಗ ಒಂದು ದಣಿವು ಬರುತ್ತಿತ್ತು. ಕೆಲಸದ ದಣಿವಲ್ಲ ಅದು. ನನಗೆ ಆಗದೆ ಹೋದ ಯಾವುದೋ ಒಂದರ ದಣಿವು.

ಮಗಳ ಹೆಸರು ಜೌಹರಾ. ಬಲಾಯಿಯ ಹೆಂಗಸರ ಸಾಲಿನಲ್ಲಿ ಅವಳಷ್ಟು ಚೆನ್ನಾಗಿ ಕುಣಿಯುವವರಿಲ್ಲ. ನನ್ನ ಮಗಳೆಂದು ಹೇಳುವುದಲ್ಲ, ಅವಳ ಹೆಜ್ಜೆಗೆ ಮರ್ವಾಸ್ ಬೇಕಿಲ್ಲ, ಮರ್ವಾಸ್‌ಗೇ ಅವಳ ಹೆಜ್ಜೆ ಬೇಕು. ಹೋದ ವರ್ಷ ಹಬ್ಬದ ಕುಣಿತದಲ್ಲಿ ಸಾಲು ಸರಿಯುತ್ತ ಅವಳು ಹಮ್ದಾನ್‌ನ ಎದುರಿಗೆ ಬಂದಳು. ಹಮ್ದಾನ್ ಜೆಟ್ಟಿಯ ಹತ್ತಿರ ದೋಣಿಗಳ ಸಂದಿಗೆ ನಾರು ತುರುಕಿ ಎಣ್ಣೆ ಬಳಿಯುವ ಹುಡುಗ. ಮಾತು ಕಡಿಮೆ, ಉಗುರಿನಲ್ಲಿ ಸದಾ ಕರಿ. ಅವನ ಎದುರಿಗೆ ಬಂದ ಕೂಡಲೇ ನನ್ನ ಮಗಳ ಹೆಜ್ಜೆ ನಿಂತುಹೋಯಿತು. ಅವಳದಷ್ಟೇ ಅಲ್ಲ, ಅವನದೂ. ಎರಡು ಹೆಜ್ಜೆಗಳ ಖಾಲಿ ಜಾಗ ಒಟ್ಟಿಗೆ ಬಿತ್ತು. ನನ್ನ ಬೆರಳು ತಾನಾಗಿಯೇ ಓಡಿ ಎರಡನ್ನೂ ತುಂಬಿತು. ಗಂಬೂಸಿನ ತಂತಿ ಮೀಟುವ ಮುದುಕ ಕೂಡ ತಿರುಗಿ ನೋಡಲಿಲ್ಲ.

ಅಂದಿನಿಂದ ಪ್ರತಿ ಕುಣಿತದಲ್ಲೂ ಅದೇ ಆಯಿತು. ನಾನು ಯಾರಿಗೂ ಹೇಳಲಿಲ್ಲ. ಹೇಳದೆಯೂ ಕಲ್ಸೂಮ್‌ಗೆ ಗೊತ್ತಾಗಿತ್ತು. ಹೆಂಗಸರ ಕಡೆ ಕೂತವಳು ಅವಳು, ಮಗಳ ಸಾರೋಂಗಿನ ಅಂಚು ಹೇಗೆ ತೂಗುತ್ತದೆ ಎಂಬುದು ಅವಳಿಗೆ ಕಾಣುತ್ತದೆ. ಗದರಲಿಲ್ಲ, ಹೊಡೆಯಲಿಲ್ಲ. ಮುಂದಿನ ಕುಣಿತಕ್ಕೆ ಮಗಳನ್ನು ಕಳಿಸಲಿಲ್ಲ, ಅಷ್ಟೇ. ಸ್ವಲ್ಪ ದಿನಕ್ಕೆ ಹಾಜಿ ತಮ್ರಿನ್ ಮನೆಯಿಂದ ಮಾತು ಬಂತು. ಹಾಜಿ ಮಸೀದಿ ಕಮಿಟಿಯ ಹಿರಿಯರು. ಒಣಮೀನಿನ ವ್ಯಾಪಾರಿ, ಆದರೆ ಒಂದು ಸುಳ್ಳೂ ಆಡಿದವರಲ್ಲ. ಅವರ ಮಗ ಜುನೈದ್ ಶಾಲೆಯಲ್ಲಿ ಮೇಷ್ಟ್ರು. ಮಕ್ಕಳಿಗೆ ಕೈಯೆತ್ತದ ಮೇಷ್ಟ್ರು ಎಂದರೆ ನಮ್ಮೂರಲ್ಲಿ ಅವನೊಬ್ಬನೇ. ಬೇಡ ಎನ್ನಲು ಒಂದೂ ಕಾರಣವಿಲ್ಲದ ಸಂಬಂಧ. ಅದೇ ಕಷ್ಟವಾಯಿತು.

ಜೌಹರಾಳನ್ನು ನಾನೇ ಕೇಳಿದೆ. ಅವಳು ಜಗುಲಿಯ ಅಂಚಿನಲ್ಲಿ ಕೂತು ಸಿಗಡಿ ಸುಲಿಯುತ್ತಿದ್ದಳು. ಮೇಷ್ಟ್ರ ಬಗ್ಗೆ ಏನು ಹೇಳುತ್ತೀ ಅಂದೆ. ಒಳ್ಳೆಯವರು ಅಂದಳು. ಮತ್ತೆ ಸುಲಿಯುತ್ತ ಕೂತಳು. ನಾನು ಎದ್ದು ಹೊರಟಾಗ ತಲೆಯೆತ್ತದೆ ಹೇಳಿದಳು.

"ಬಾಪಾ, ಅವನ ಎದುರು ನನ್ನ ಹೆಜ್ಜೆ ನೀವು ಬಾರಿಸ್ತೀರಿ ಅಂತ ನಂಗೆ ಗೊತ್ತು. ನಂಗೆ ಎಲ್ರ ಮರ್ಯಾದೇನೂ ಬೇಕು. ಈ ಕಾಲನ್ನ ಏನು ಮಾಡ್ಲಿ ಅಂತ ಮಾತ್ರ ಗೊತ್ತಾಗಲ್ಲ."

ಅವಳ ದನಿಯಲ್ಲಿ ಹಟವಿರಲಿಲ್ಲ. ನನ್ನ ದನಿಯೇ ಅವಳ ಬಾಯಿಂದ ಬಂದಂತೆ, ದಣಿದ ದನಿ. ಅಷ್ಟು ಚಿಕ್ಕ ವಯಸ್ಸಿಗೆ ಅದು ಬರಬಾರದಿತ್ತು.

ಹೆಜ್ಜೆ ಕೇಳುವ ದಿನ ಗೊತ್ತಾಯಿತು. ಇದರಲ್ಲಿ ಒಂದು ಕಟ್ಟಳೆಯಿದೆ. ಹುಡುಗಿಯ ಹೆಜ್ಜೆ ಕೇಳುವ ದಿನ ಅವಳ ಅಪ್ಪ ವಾದ್ಯ ಮುಟ್ಟುವಂತಿಲ್ಲ. ಅವನು ಗಂಡಿನ ಹಿರಿಯರ ಜೊತೆ ಪರದೆಯ ಹಿಂದೆ ಕೂರಬೇಕು. ಬಾರಿಸಲು ಹಾಜಿಯೇ ಹೊಳೆಯಾಚೆಯಿಂದ ಒಬ್ಬನನ್ನು ಕರೆಸಿದರು. ಸಾಲಿನಲ್ಲಿ ಊರಿನ ಮದುವೆಯಾಗದ ಹುಡುಗರೆಲ್ಲ ನಿಲ್ಲಬೇಕು. ಒಬ್ಬನನ್ನು ಬಿಟ್ಟರೆ ಯಾಕೆ ಬಿಟ್ಟಿರಿ ಎಂಬ ಮಾತು ಬರುತ್ತದೆ. ಆದ್ದರಿಂದ ಹಮ್ದಾನ್ ಇರುತ್ತಾನೆ, ನಾನು ಇರುವುದಿಲ್ಲ. ಇಷ್ಟು ವರ್ಷ ಊರವರ ಮಕ್ಕಳನ್ನೆಲ್ಲ ಕಾಪಾಡಿದ ಬೆರಳು, ಸ್ವಂತ ಮಗಳ ಸರದಿ ಬಂದಾಗ ತೊಡೆಯ ಮೇಲೆ ಸುಮ್ಮನೆ ಕೂರಬೇಕು.

ಹೆಂಗಸರ ಹತ್ತಿರ ಇದಕ್ಕೆ ಒಂದು ಉಪಾಯ ಇದೆ ಎಂದು ಗಂಡಸರು ಅಡಕೆ ಅಗಿಯುತ್ತ ಗುಸುಗುಸು ಹೇಳುವುದನ್ನು ಕೇಳಿದ್ದೆ. ಬಲೆಗೆ ಕಟ್ಟುವ ಸೀಸದ ಗುಂಡುಗಳನ್ನು ಒಳಲಂಗದ ಅಂಚಿಗೆ ಹೊಲಿದುಕೊಂಡರೆ, ಕಾಲು ಸದ್ದು ಮಾಡದಿದ್ದರೂ ಅಂಚು ಹಲಗೆಗೆ ಬಡಿದು ಸದ್ದು ಮಾಡುತ್ತದಂತೆ. ನಾನು ನಂಬಿರಲಿಲ್ಲ. ನಂಬಿದ್ದರೂ ನಮಗೆ ಅದರಿಂದ ಉಪಯೋಗವಿರಲಿಲ್ಲ. ನಮ್ಮ ಮನೆಯಲ್ಲಿ ಬಲೆಯಿಲ್ಲ. ಬಲೆಯಿಲ್ಲದ ಮನೆಯವರು, ಅದರಲ್ಲೂ ಮಗಳ ಹೆಜ್ಜೆ ಕೇಳುವ ವಾರದಲ್ಲಿ, ಅಂಗಡಿಗೆ ಹೋಗಿ ಸೀಸದ ಗುಂಡು ಕೊಡಿ ಎಂದರೆ ಅಂಗಡಿಯವನು ತೂಗಿ ಕೊಡುವಷ್ಟರಲ್ಲಿ ಊರಿಗೆಲ್ಲ ಸುದ್ದಿಯಾಗುತ್ತದೆ.

ಆ ದಿನ ಬೆಳಿಗ್ಗೆ ನಾನು ಮಸೀದಿಯಿಂದ ಬರುವಾಗ ಕಲ್ಸೂಮ್ ಕಿಟಕಿಯ ಬೆಳಕಿಗೆ ಕೂತು ಮಗಳ ಒಳಲಂಗಕ್ಕೆ ಏನೋ ಹೊಲಿಯುತ್ತಿದ್ದಳು. ಪಕ್ಕದ ಬಟ್ಟಲಿನಲ್ಲಿ ಗುಂಡುಗಳಿದ್ದವು. ಹೊಸವಲ್ಲ. ಉಜ್ಜಿ ಉಜ್ಜಿ ನುಣುಪಾಗಿದ್ದವು, ಕೆಲವು ಚಪ್ಪಟೆಯಾಗಿದ್ದವು. ಎಲ್ಲಿಂದ ತಂದೆ ಎಂದೆ.

"ಮನೇಲೇ ಇದ್ವು" ಅಂದಳು. ಸೂಜಿಯಿಂದ ಕಣ್ಣು ಎತ್ತಲಿಲ್ಲ.

ಅವಳ ಅಪ್ಪ ಬಲೆ ಬೀಸುತ್ತಿದ್ದವನು. ಹಳೆಯ ಪೆಟ್ಟಿಗೆಯಲ್ಲಿ ಎಲ್ಲೋ ಉಳಿದಿರಬೇಕು ಎಂದುಕೊಂಡೆ. ನನಗೆ ಅದು ಇಷ್ಟವೋ ಅಲ್ಲವೋ ಎಂದು ಅವಳು ಕೇಳಲಿಲ್ಲ. ನಾನೂ ಹೇಳಲಿಲ್ಲ. ಹೇಳಿದ್ದರೆ ಅವಳ ಉತ್ತರ ನನಗೆ ಗೊತ್ತಿತ್ತು. ಹಗುರಾದ ಕಾಲಿನ ಮಗಳನ್ನು ಮನೆಯಲ್ಲಿ ಇಟ್ಟುಕೊಂಡು ಏನು ಮಾಡುವುದು, ಹಮ್ದಾನ್ ಬಾಯಿಬಿಟ್ಟು ಕೇಳಿದ್ದಾನೆಯೇ, ನಾಳೆ ನಾವು ಸತ್ತರೆ ಅವಳಿಗೆ ಯಾರು. ಎಲ್ಲವೂ ನಿಜವಾದ ಮಾತುಗಳೇ. ಅಂದು ಕಲ್ಸೂಮ್ ನನ್ನ ಹಳೆಯ ಜೋಡಿ ಹಾವುಗೆ ಮೆಟ್ಟಿಕೊಂಡು ಮನೆಯೆಲ್ಲ ಓಡಾಡಿದಳು. ಸದಾ ಬರಿಗಾಲಲ್ಲಿ ಇರುವವಳು. ಕೇಳಿದ್ದಕ್ಕೆ ಹಿಮ್ಮಡಿ ಒಡೆದಿದೆ ಅಂದಳು.

ಇಳಿಹೊತ್ತಿನ ಅಸರ್ ನಮಾಜಿನ ನಂತರ ಬಲಾಯಿಯಲ್ಲಿ ಸೇರಿದೆವು. ಪರದೆ ಕಟ್ಟಿತ್ತು. ಈ ಕಡೆ ಹಾಜಿ ತಮ್ರಿನ್, ಅವರ ಇಬ್ಬರು ತಮ್ಮಂದಿರು ಮತ್ತು ನಾನು. ಜುನೈದ್ ಆಚೆ ಸಾಲಿನಲ್ಲಿದ್ದ. ಹೊಳೆಯಾಚೆಯವನು ಹದವಾಗಿ, ಮೆಲ್ಲಗೆ ಬಾರಿಸಿದ. ಒಳ್ಳೆಯ ಕೈ. ಗಂಬೂಸ್ ಬೇಡವೆಂದು ಹಾಜಿ ಹೇಳಿದ್ದರು, ಹೆಜ್ಜೆ ಚೆನ್ನಾಗಿ ಕೇಳಲಿ ಎಂದು. ಮರ್ವಾಸ್ ಕೈಗೆ ಬಂದ ಮೇಲೆ ನಾನು ಬಾರಿಸದೆ ಬರೀ ಕೇಳಿದ ಮೊದಲ ಝಾಪಿನ್ ಅದು. ಬಾರಿಸುವವನಿಗೆ ತನ್ನ ಕೈಯ ಸದ್ದೇ ದೊಡ್ಡದು. ಕೈ ಸುಮ್ಮನಿದ್ದಾಗ ಏನೇನು ಕೇಳುತ್ತದೆ ಎಂಬುದು ನನಗೆ ಗೊತ್ತೇ ಇರಲಿಲ್ಲ.

ಕಣ್ಣು ಮುಚ್ಚಿ ಮಗಳ ಹೆಜ್ಜೆ ಹಿಡಿದೆ. ಮೊದಮೊದಲು ಅವಳದೇ ಹಿಮ್ಮಡಿ. ಒಣಮರಕ್ಕೆ ಬೀಳುವ ಗಟ್ಟಿ ಹೊಡೆತ, ಅದರ ಬೆನ್ನಿಗೆ ಸೀಸದ ಮಂದವಾದ ಸದ್ದು ಅಂಟಿಕೊಂಡಿತ್ತು. ಒಬ್ಬನ ಎದುರು, ಇನ್ನೊಬ್ಬನ ಎದುರು. ಜುನೈದ್‌ನ ಎದುರು ಬಂದಾಗ ಹಿಮ್ಮಡಿ ಎಲ್ಲಕ್ಕಿಂತ ಜೋರಾಗಿ ಬಿತ್ತು. ಹಾಜಿಯ ತಮ್ಮ ತೃಪ್ತಿಯಿಂದ ಉಸಿರು ಬಿಟ್ಟ. ನನಗೆ ಮಾತ್ರ ಬಾಗಿಲು ಹಾಕಿಕೊಂಡಂತೆ ಕೇಳಿಸಿತು.

ಆಮೇಲೆ ಸಾಲು ಸರಿಯಿತು. ಈಗ ಹಮ್ದಾನ್ ಎಂದು ನನ್ನ ಬೆರಳು ತೊಡೆಯ ಮೇಲೆ ಮಿಡುಕಿತು. ಹಿಮ್ಮಡಿಯ ಸದ್ದು ನಿಂತುಹೋಯಿತು. ಅದರ ಹಿಂದೆ ಅಡಗಿದ್ದ ಸೀಸದ ಸದ್ದು ಒಂದೇ ಉಳಿಯಿತು. ದಪ್. ದಪ್. ಕಾಲು ಊರಬೇಕಾದ ಗಳಿಗೆ ಕಳೆದು, ಚೂರು ತಡವಾಗಿ. ಬರಲೋ ಬೇಡವೋ ಎಂದು ಯೋಚಿಸಿ ಬಂದವಳ ಹಾಗೆ.

ನಾನು ಕಣ್ಣು ತೆರೆದೆ. ಆ ಸದ್ದು ನನಗೆ ಗೊತ್ತಿತ್ತು. ನನ್ನ ಅಡುಗೆಮನೆಯ ಸದ್ದು ಅದು. ನನ್ನ ಜಗುಲಿಯ ಸದ್ದು. ದಿನಾ ಸಂಜೆ ಕಾಫಿ ಹಿಡಿದು ಬರುವ ಸದ್ದು, ನನ್ನ ಜ್ವರದ ಪಕ್ಕ ಓಡಾಡಿದ ಸದ್ದು. ಪರದೆಯ ಆಚೆ ನನ್ನ ಮಗಳು ಕುಣಿಯುತ್ತಿದ್ದಳು, ನನಗೆ ಕೇಳುತ್ತಿದ್ದದ್ದು ಕಲ್ಸೂಮ್. ಆ ನುಣುಪಾದ ಗುಂಡುಗಳು ಯಾವ ಪೆಟ್ಟಿಗೆಯಿಂದಲೂ ಬಂದವಲ್ಲ, ಅವಳ ಒಳಲಂಗದ ಅಂಚಿನಿಂದಲೇ ಬಿಚ್ಚಿದವು ಎಂದು ಆಗ ತಿಳಿಯಿತು. ಇವತ್ತು ಅವಳು ಹಾವುಗೆ ಮೆಟ್ಟಿದ್ದು ಯಾಕೆಂದೂ ತಿಳಿಯಿತು. ಅವಳ ತಾಯಿ ಹೊಲಿದುಕೊಟ್ಟಿದ್ದಿರಬೇಕು, ನನ್ನ ಅಪ್ಪ ಹೆಜ್ಜೆ ಕೇಳಲು ಹೋದ ದಿನ. ಸಾಲಿನಲ್ಲಿ ನಾನಿದ್ದೆನಲ್ಲ. ಆಮೇಲೆ ಅತ್ತೆಯ ಮನೆ, ಹಲಗೆಯ ನೆಲ, ನಾಚಿಕೆ. ತೆಗೆಯುವ ದಿನ ಬರಲೇ ಇಲ್ಲ. ಬಂದಿರಬಹುದು, ಅಷ್ಟರಲ್ಲಿ ನನ್ನ ಹಾವುಗೆ ಟಕ್ ಟಕ್ ಎನ್ನುತ್ತಿತ್ತು. ನಾನು ಪರದೆಗೆ ತಾಗುವಷ್ಟು ಮುಂದಕ್ಕೆ ಬಾಗಿದೆ. ಪಕ್ಕದಲ್ಲಿ ಕೂತ ಹಿರಿಯರಿಗೆ ಅದು ಮಗಳ ಮೇಲಿನ ಮಮತೆಯಂತೆ ಕಂಡಿರಬೇಕು, ಒಬ್ಬರು ನನ್ನ ಬೆನ್ನು ಸವರಿದರು.

ಮರ್ವಾಸ್ ನಿಂತಿತು. ಪದ್ಧತಿಯಂತೆ ಹಾಜಿ ತಮ್ರಿನ್ ನನ್ನ ಕಡೆ ತಿರುಗಿ, ಮಗಳ ಹೆಜ್ಜೆ ಕೇಳಿಸಿತೇ ಎಂದು ಕೇಳಿದರು. ಇದಕ್ಕೆ ಹುಡುಗಿಯ ಅಪ್ಪ ಅಲ್‌ಹಮ್ದುಲಿಲ್ಲಾ, ಕೇಳಿಸಿತು ಎನ್ನಬೇಕು. ಅಲ್ಲಿಗೆ ಸಂಬಂಧ ಗಟ್ಟಿಯಾದಂತೆ. ಬೇರೆ ಉತ್ತರ ಕೊಟ್ಟ ಅಪ್ಪನನ್ನು ನಾನು ಕಂಡಿಲ್ಲ. ಹಲ್ವದ ತಟ್ಟೆ ಆಗಲೇ ಬಂದು ಬಾಗಿಲಲ್ಲಿ ಕಾಯುತ್ತಿತ್ತು. ನನ್ನ ತಲೆಯಲ್ಲಿ ಜೌಹರಾ ಇದ್ದಳು, ಆ ಒಳ್ಳೆಯ ಮೇಷ್ಟ್ರೂ ಇದ್ದ. ಮನಸ್ಸಿಲ್ಲದವಳ ಹೆಜ್ಜೆ ಎಂದು ನಾನು ಇಷ್ಟು ವರ್ಷ ಕೇಳಿದ್ದು ಸುಳ್ಳು ಸದ್ದು. ಆ ಸುಳ್ಳೇ ನನ್ನನ್ನು ಇಷ್ಟು ದಣಿಸಿತು. ಈ ಸಂಬಂಧವಾದರೆ ಅದೇ ಸದ್ದನ್ನು ಜುನೈದ್ ದಿನಾ ಸಂಜೆ ನಿಜವಾಗಿ ಕೇಳಬೇಕು, ನನ್ನ ಮಗಳು ನಿಜವಾಗಿ ಮಾಡಬೇಕು.

"ಇಲ್ಲ ಹಾಜಿ" ಅಂದೆ. "ಕೇಳಿಸ್ಲಿಲ್ಲ."

"ನಮಗೆಲ್ಲ ಕೇಳಿಸ್ತಲ್ಲ ಇದ್ರಿಸ್."

"ಕೇಳಿಸಿದ್ದು ಅವಳ ಹೆಜ್ಜೆ ಅಲ್ಲ."

ಹಾಜಿ ತಮ್ಮ ಜಪಮಣಿಯನ್ನು ಮಡಚಿ ಜೇಬಿಗೆ ಹಾಕಿದರು. ಸಿಟ್ಟಾಗುತ್ತಾರೆ ಎಂದುಕೊಂಡಿದ್ದೆ, ಆಗಲಿಲ್ಲ. ಅವರೂ ದಣಿದವರಂತೆ ಕಂಡರು.

"ನಿಮ್ಮ ಕಿವೀನ ಈ ಊರು ಇಷ್ಟು ವರ್ಷ ನಂಬಿದೆ" ಅಂದರು. "ಇವತ್ತು ನಂಬಲ್ಲ ಅನ್ನೋಕೆ ನಾನ್ಯಾರು. ನಿಮ್ಮ ಮಗಳ ಮಾತು ನಮ್ಮ ಮನೆಯಿಂದ ಹೊರಗೆ ಬರಲ್ಲ, ಅದಕ್ಕೆ ನಾನು ಹೊಣೆ."

ನೀರು ಕೇಳಿದರು, ಕುಡಿದರು, ಸಲಾಂ ಹೇಳಿ ಎದ್ದರು. ಅವರ ಮನೆಯಿಂದ ಮಾತು ಬರದಿದ್ದರೇನಂತೆ, ಬಲಾಯಿಯ ಆಚೆ ಅರ್ಧ ಊರು ನಿಂತಿತ್ತು. ಹಲ್ವದ ತಟ್ಟೆ ಬಂದ ದಾರಿಯಲ್ಲೇ ವಾಪಸು ಹೋಯಿತು. ನಾವು ಮೂವರು ಮನೆಗೆ ನಡೆದೆವು. ಓಣಿಯಲ್ಲಿ ಎದುರಾದವರೆಲ್ಲ ಆಕಾಶ ನೋಡಿ ಗಾಳಿಯ ಬಗ್ಗೆ ಮಾತಾಡಿದರು. ಜೌಹರಾ ಅಳುತ್ತಿದ್ದಳು, ತಲೆವಸ್ತ್ರದ ತುದಿಯನ್ನು ಬಾಯಿಗೆ ಒತ್ತಿಕೊಂಡು, ಸದ್ದಿಲ್ಲದೆ. ಕಲ್ಸೂಮ್ ನನ್ನ ಹಳೆಯ ಹಾವುಗೆಯಲ್ಲಿ ಮುಂದೆ ಮುಂದೆ ನಡೆದಳು. ನಾನು ಮಗಳ ಬಾಳು ಹಾಳುಮಾಡಿದೆನೋ ಏನೋ ಎಂದು ಭಯವಾಗಿತ್ತು. ಇನ್ನು ಹಮ್ದಾನ್ ಬಾಯಿಬಿಡದಿದ್ದರೆ ಎಲ್ಲವೂ ಮುಗಿದಂತೆ. ಹುಡುಗಿಯ ಕಾಲು ಹಗುರಾದದ್ದು ಊರಿಗೆ ಗೊತ್ತಾದಾಗ ಎದುರಿಗೆ ಇದ್ದವನು ತನ್ನ ಕಾಲಿನ ಸುದ್ದಿ ಎತ್ತದೆ ದೋಣಿ ಹತ್ತಿ ಹೋದದ್ದು ನಮ್ಮಲ್ಲಿ ಎಷ್ಟೋ ಸಲ ನಡೆದಿದೆ.

ಹೊತ್ತು ಮುಳುಗಿದಾಗ ಕೂಗುವ ಮಗ್ರಿಬ್ ಬಾಂಗಿಗೆ ಸ್ವಲ್ಪ ಮುಂಚೆ ಮನೆಯ ಮೆಟ್ಟಿಲಿನ ಕೆಳಗೆ ಯಾರೋ ಕೆಮ್ಮಿದರು. ಹಮ್ದಾನ್. ಮೇಲೆ ಹತ್ತಲಿಲ್ಲ. ಕೈ ತೊಳೆದು ಬರಿಗಾಲಲ್ಲಿ ಬಂದಿದ್ದ, ಉಗುರಿನ ಕರಿ ಹಾಗೇ ಇತ್ತು. ನನ್ನ ಮುಖ ನೋಡದೆ ಮೆಟ್ಟಿಲಿನ ಹಲಗೆಯನ್ನು ನೋಡುತ್ತ ನಿಂತ. ಪಕ್ಕದ ಮನೆಗಳ ಕಿಟಕಿಗಳು ತೆರೆದಿದ್ದವು, ಅದು ಅವನಿಗೂ ಗೊತ್ತಿತ್ತು. ಅಂಥವನು, ಹಿರಿಯರನ್ನು ಕರೆಯುವ ಹಾಗೆ ಪಾಕ್ ಎಂದು ಕರೆದು, ಕಿಟಕಿಗಳಿಗೆಲ್ಲ ಕೇಳುವಂತೆ ಹೇಳಿದ.

"ಪಾಕ್ ಇದ್ರಿಸ್, ನನ್ನ ಹೆಜ್ಜೆನೂ ಕೇಳಿಸ್ಲಿಲ್ಲ. ಯಾರೂ ಕೇಳ್ಲಿಲ್ಲ ಅಂತ ಸುಮ್ನಿದ್ದೆ."

ಒಳಗಿನಿಂದ ಕಲ್ಸೂಮ್‌ಳ ದನಿ ಬಂತು. ಬಾಗಿಲಿಗೆ ಬರಲಿಲ್ಲ, ಪರಗಂಡಸಿನ ಎದುರು ಬರುವವಳಲ್ಲ ಅವಳು.

"ಶುಕ್ರವಾರ ನಮಾಜ್ ಆದ್ಮೇಲೆ ನಿನ್ನ ತಾಯೀನ ಕರ್ಕೊಂಡು ಬಾ. ಹೀಗೆ ಮೆಟ್ಟಿಲ ಕೆಳಗೆ ನಿಂತು ಮಾತಾಡೋದು ಚೆಂದ ಅಲ್ಲ."

ಅವನು ತಲೆಯಾಡಿಸಿ ಹೋದ. ಸ್ವಲ್ಪ ದೂರ ಹೋದ ಮೇಲೆ ಅವನ ಹೆಜ್ಜೆ ಓಣಿಯ ಹಲಗೆಯ ಮೇಲೆ ಕೇಳತೊಡಗಿತು. ಅಲ್ಲಿಯವರೆಗೂ ಕೇಳಿರಲಿಲ್ಲ. ಒಳಕೋಣೆಯ ಕಿಟಕಿಯ ಹಿಂದೆ ಜೌಹರಾ ನಿಂತಿದ್ದಳೆಂದು ಕಾಣುತ್ತದೆ.

ನಮಾಜ್ ಮುಗಿಸಿ ಜಗುಲಿಯ ನನ್ನ ಜಾಗದಲ್ಲಿ ಕೂತೆ. ಊರು ಮಾತಾಡುತ್ತದೆ. ಇನ್ನು ಕೆಲವು ತಿಂಗಳು ಬಲಾಯಿಗೆ ನನ್ನನ್ನು ಕರೆಯಲಿಕ್ಕಿಲ್ಲ. ತನ್ನ ಮಗಳ ಹೆಜ್ಜೆಯನ್ನೇ ಮುಚ್ಚದವನು ನಮ್ಮ ಮಕ್ಕಳದನ್ನು ಮುಚ್ಚುತ್ತಾನೆಯೇ ಎಂದು ಕಡುಬು ಕಳಿಸುವವರೂ ಯೋಚಿಸಬಹುದು. ಯೋಚಿಸಲಿ. ಗಿಣ್ಣುಗಳಿಗೆ ಸ್ವಲ್ಪ ವಿಶ್ರಾಂತಿ ಸಿಕ್ಕೀತು. ಕೆಳಗೆ ಹಿನ್ನೀರು ಇಳಿಯುತ್ತಿತ್ತು, ಕೆಸರಿನಲ್ಲಿ ಏಡಿಗಳು ಓಡಾಡುತ್ತಿದ್ದವು. ಅಭ್ಯಾಸದಂತೆ ಅಡುಗೆಮನೆಯ ಕಡೆ ಕಿವಿಯಿಟ್ಟು ಕೂತೆ. ದಪ್ ದಪ್ ಸದ್ದಿಗಾಗಿ. ಬರಲಿಲ್ಲ. ಇವತ್ತು ಕಾಫಿ ಇಲ್ಲ, ಸಿಟ್ಟಾಗಿದ್ದಾಳೆ, ಆಗಲೇಬೇಕು ಎಂದುಕೊಂಡೆ.

ಪಕ್ಕಕ್ಕೆ ತಿರುಗಿದರೆ ಕಾಫಿ ಲೋಟ ಅಲ್ಲಿತ್ತು. ಹಬೆಯಾಡುತ್ತಿತ್ತು. ಅವಳು ಮೆಟ್ಟಿದ್ದ ಹಾವುಗೆಗಳು ಬಾಗಿಲ ಬಳಿ ಬಿದ್ದಿದ್ದವು. ಕಲ್ಸೂಮ್ ಆಗಲೇ ಒಳಗೆ ಹೋಗಿಯಾಗಿತ್ತು. ಯಾವಾಗ ಬಂದಳು, ಯಾವಾಗ ಹೋದಳು, ಊರೇ ನಂಬಿದ ಈ ಕಿವಿಗೆ ಗೊತ್ತಾಗಲಿಲ್ಲ.

ಕಾಫಿ ಕುಡಿದೆ. ಎಂದಿನಂತೆ ಸಕ್ಕರೆ ಕಡಿಮೆಯಿತ್ತು. ಲೋಟ ಖಾಲಿಯಾದ ಮೇಲೂ ಸ್ವಲ್ಪ ಹೊತ್ತು ಕೈಯಲ್ಲಿ ಹಿಡಿದೇ ಕೂತಿದ್ದೆ. ಕಣ್ಣು ಒರೆಸಿಕೊಂಡೆ, ಯಾರೂ ನೋಡುತ್ತಿರಲಿಲ್ಲ. ಆಮೇಲೆ ಹಾವುಗೆಯಿಂದ ಕಾಲು ತೆಗೆದು, ಲೋಟ ಹಿಡಿದು ಅಡುಗೆಮನೆಗೆ ಹೋದೆ. ಕಲ್ಸೂಮ್ ಒಲೆಯ ಕಡೆ ಮುಖ ಮಾಡಿ, ಮೀನಿಗೆ ಅರಿಶಿನ ಸವರುತ್ತ, ಮಗಳ ಹತ್ತಿರ ನನ್ನನ್ನೇ ಬೈಯುತ್ತಿದ್ದಳು. ಈ ಮನುಷ್ಯನಿಗೆ ಮಾತಾಡಬೇಕಾದಾಗ ಬಾಯಿಲ್ಲ, ಸುಮ್ಮನಿರಬೇಕಾದಾಗ ಬಾಯಿ ಬರುತ್ತದೆ ಎಂದು. ಜೌಹರಾ ನನ್ನನ್ನು ನೋಡಿದಳು, ಆಮೇಲೆ ನನ್ನ ಕಾಲಿನ ಕಡೆ ನೋಡಿ ತಟ್ಟನೆ ಮುಖ ತಿರುಗಿಸಿ ಸಿಗಡಿಯ ಬುಟ್ಟಿ ಎತ್ತಿಕೊಂಡು ಹೊರಗೆ ಹೋದಳು. ನಾನು ಹೋಗಿ ಕಲ್ಸೂಮ್‌ಳ ಬೆನ್ನ ಹಿಂದೆಯೇ ನಿಂತೆ. ಅವಳು ಬೈಯುತ್ತಲೇ ಇದ್ದಳು. ನಾನು ಬಂದದ್ದು ಅವಳಿಗೆ ಕೇಳಿಸಲಿಲ್ಲ.